ಕಂಪೆನಿ ತೋಟದಲ್ಲಿ ಕೇಳಿದ ಜೋಡಿ ಗುಂಡು

ನನ್ನ ಉದ್ಯೋಗಕ್ಕೆ ಈಗ ಬಾಯಿ ತುಂಬುವಷ್ಟು ದೊಡ್ಡ ಹೆಸರಿದೆ. ಎಕ್ಸಿಕ್ಯುಟಿವ್, ಫೀಲ್ಡ್ ಆಪರೇಷನ್ಸ್ ಅಂಡ್ ಪೀಪಲ್ ಎಂಗೇಜ್‌ಮೆಂಟ್. ಕುತ್ತಿಗೆಗೆ ನೇತುಹಾಕಿಕೊಳ್ಳುವ ಕಾರ್ಡಿನಲ್ಲಿ ಅದು ಎರಡು ಸಾಲಿಗೆ ಹಿಡಿಸದೆ ಮೂರನೆಯದಕ್ಕೆ ಇಳಿದಿದೆ. ಮಾಡುವ ಕೆಲಸ ಮಾತ್ರ ಇಪ್ಪತ್ತು ವರ್ಷದಿಂದ ಅದೇ. ಬೆಳಿಗ್ಗೆ ಹಾಜರಿ ಕೂಗುತ್ತೇನೆ, ಆಳುಗಳನ್ನು ಬ್ಲಾಕುಗಳಿಗೆ ಹಂಚುತ್ತೇನೆ, ದಿನವಿಡೀ ಅವರ ಹಿಂದೆ ತಿರುಗುತ್ತೇನೆ, ಸಂಜೆ ಹಣ್ಣಿನ ಚೀಲ ತೂಗಿಸುತ್ತೇನೆ. ಕೊಡಗಿನ ಕಾಫಿ ತೋಟಗಳಲ್ಲಿ ಇಷ್ಟನ್ನು ಮಾಡುವವನಿಗೆ ರೈಟರ್ ಎನ್ನುತ್ತಾರೆ. ಆ ಒಂದು ಮಾತಿನಲ್ಲಿ ಎಲ್ಲರಿಗೂ ಎಲ್ಲವೂ ತಿಳಿಯುತ್ತಿತ್ತು. ಈಗಿನ ಹೆಸರು ನನ್ನ ಹೆಂಡತಿಗೂ ಪೂರ್ತಿ ಬಾಯಿಗೆ ಬರುವುದಿಲ್ಲ, ಆದರೆ ಮದುವೆ ಮನೆಗಳಲ್ಲಿ ಅದರ ಮೊದಲ ಪದವನ್ನು ಹೇಳಿ ನಿಲ್ಲಿಸುವ ಜಾಣತನ ಅವಳಿಗೆ ಬಂದಿದೆ.

ಈ ಕೆಲಸವನ್ನು ನನಗೆ ಕಲಿಸಿದವರು ಮೂರ್ನಾಡಿನಿಂದ ಒಳಗಿರುವ ನಮ್ಮದೇ ಊರಿನ ಹಿರಿಯ ರೈಟರ್. ರಕ್ತ ಸಂಬಂಧವೇನಿಲ್ಲ, ತೊರೆಯ ಆಚೆ ದಡದ ಮನೆಯವರು. ಚಿಕ್ಕಂದಿನಿಂದ ಮಾವ ಎಂದು ಕರೆದು ಅಭ್ಯಾಸ, ಅವರ ಹೆಂಡತಿ ಅತ್ತೆ, ಅವರ ಮಗನಿಗೆ ನಾನು ಬಾವ. ನಮ್ಮ ಎರಡು ಮನೆಯದೂ ಅರೆಭಾಷೆ, ಕೊಡಗಿನ ಗೌಡರ ಮಾತು, ಉಂಟು ಎನ್ನಲು ಉಟ್ಟು ಎನ್ನುತ್ತೇವೆ. ಹತ್ತನೆಯ ತರಗತಿ ಹೇಗೋ ದಾಟಿ, ಮುಂದೆ ಏನು ಮಾಡುವುದೆಂದು ತಿಳಿಯದೆ ವರ್ಷಗಟ್ಟಲೆ ಕೂತಿದ್ದವನನ್ನು ತೋಟಕ್ಕೆ ಕರೆದುಕೊಂಡು ಹೋಗಿ ನಿಲ್ಲಿಸಿದವರು ಅವರೇ. ಮೊದಲ ವರ್ಷ ಒಂದು ಅಕ್ಷರ ಬರೆಯಲು ಬಿಡಲಿಲ್ಲ. 'ಮೊದ್ಲು ಯಾರ ಮನೆ ಎಲ್ಲಿ, ಯಾರ ಮಂಡಿ ನೋವು, ಯಾರಿಗೆ ಯಾರ ಹತ್ರ ಮಾತಿಲ್ಲ, ಇದೆಲ್ಲ ತಿಳ್ಕೊ. ಬರಿಯುದು ಎಂತ, ಒಂದು ವಾರದ ಕೆಲ್ಸ' ಎನ್ನುತ್ತಿದ್ದರು. ಜಗಳವಾಡಿದ ಇಬ್ಬರು ಹೆಂಗಸರನ್ನು ಒಂದೇ ಸಾಲಿಗೆ ಹಾಕಿದರೆ ಅರ್ಧ ಹಣ್ಣು ಗಿಡದಲ್ಲೇ ಉಳಿಯುತ್ತದೆ ಎಂಬುದನ್ನು ನನಗೆ ಬೈದು ಬೈದು ಕಲಿಸಿದರು. ಬಾಯಿ ಕೆಟ್ಟದ್ದು, ನಿಜ. ಆದರೆ ಆ ಬಾಯಿಗೆ ಹೆದರಿ ತೋಟ ಬಿಟ್ಟು ಹೋದವರು ಯಾರೂ ಇಲ್ಲ.

ಅವರು ಕಲಿಸಿದ ಇನ್ನೊಂದು ಕೆಲಸ, ಗುಂಡಿನ ಸದ್ದು ಕೇಳಿದರೆ ಏನು ಮಾಡಬೇಕೆಂಬುದು. ನಮ್ಮಲ್ಲಿ ಮನೆಯಲ್ಲಿ ಸಾವಾದರೆ ಅಂಗಳದಲ್ಲಿ ನಿಂತು ಒಂದರ ಹಿಂದೆ ಒಂದು ಎರಡು ಗುಂಡು ಹಾರಿಸುತ್ತಾರೆ. ಜೋಡಿ ಗುಂಡು. ಅದು ಕಿವಿಗೆ ಬಿದ್ದ ಮೇಲೆ ಯಾರೂ ಬಂದು ಕರೆಯುವುದಿಲ್ಲ, ಕರೆಯಬಾರದು. ಮನೆಗೊಬ್ಬರು ಕೈಯಲ್ಲಿದ್ದದ್ದನ್ನು ಬಿಟ್ಟು ಹೊರಡಬೇಕು. ಸತ್ತವರ ಬಾಯಿಗೆ ಒಂದು ಹನಿ ನೀರು ಬಿಡಬೇಕು, ಸೌದೆಗೆ, ಚಟ್ಟಕ್ಕೆ, ಹೆಗಲಿಗೆ ಕೈ ಸೇರಿಸಬೇಕು. ಸತ್ತವರೊಡನೆ ಮಾತು ಬಿಟ್ಟಿದ್ದವನೂ ಬರುತ್ತಾನೆ, ಬಂದು ಮಾತಾಡದೆ ಸೌದೆ ಒಡೆಯುತ್ತಾನೆ. ಕುಯ್ಲಿನ ನಡುವೆ ಜೋಡಿ ಗುಂಡು ಕೇಳಿದರೆ ಮಾವ ಪೆನ್ನಿಗೆ ಮುಚ್ಚಳ ಹಾಕಿ, 'ನಿಲ್ಸಿ' ಎಂದು ಒಂದೇ ಒಂದು ಸಲ ಕೂಗುತ್ತಿದ್ದರು. ತೋಟದ ಲೈನುಮನೆಗಳಲ್ಲಿದ್ದ ತಮಿಳರೂ ಮಲಯಾಳಿಗಳೂ ಆ ಕೂಗಿಗೆ ಬುಟ್ಟಿ ಇಳಿಸುತ್ತಿದ್ದರು. ಆಗಿನ ಸಾಹುಕಾರರು ಜೀಪು ಕಳಿಸುತ್ತಿದ್ದರು, ಹಲವು ಸಲ ತಾವೇ ಓಡಿಸಿಕೊಂಡು ಬರುತ್ತಿದ್ದರು.

ಆ ಸಾಹುಕಾರರು ತೀರಿಕೊಂಡ ಮೇಲೆ ಮಕ್ಕಳು ತೋಟವನ್ನು ಕಂಪೆನಿಗೆ ಮಾರಿದರು. ಯಾವ ಕಂಪೆನಿ ಎಂದು ಕೇಳಿದರೆ ಹೇಳುವುದು ಕಷ್ಟ. ಬೋರ್ಡಿನಲ್ಲಿರುವ ಹೆಸರು ಒಂದು, ಸಂಬಳದ ಚೀಟಿಯಲ್ಲಿರುವ ಹೆಸರು ಇನ್ನೊಂದು, ಇವೆರಡರ ಮೇಲೆ ಮತ್ತೊಂದು ಇದೆಯಂತೆ. ಅದು ಬಿಸ್ಕತ್ತನ್ನೂ ಮಾರುತ್ತದೆ, ಬಂದರಿನಲ್ಲಿ ಕಂಟೇನರನ್ನೂ ಇಳಿಸುತ್ತದೆ. ಸಾಹುಕಾರರ ಮೇಲೆ ಸಿಟ್ಟು ಬಂದರೆ ಅವರ ಬಂಗಲೆಯ ಗೇಟಿನ ಮುಂದೆ ನಿಂತು ಕೂಗಬಹುದಿತ್ತು, ಒಬ್ಬ ಕುಡಿದು ಕೂಗಿದ್ದೂ ಉಂಟು. ಕಂಪೆನಿಯ ಮೇಲೆ ಸಿಟ್ಟು ಬಂದರೆ ಮೊಬೈಲಿನಲ್ಲಿ ಒಂದು ಫಾರಂ ತೆರೆದು, ಐದು ಮುಖಗಳಲ್ಲಿ ಒಂದನ್ನು ಒತ್ತಬೇಕು. ಅಳುವ ಮುಖವನ್ನು ಒತ್ತಿದರೆ ಧನ್ಯವಾದ ಎಂದು ಬರುತ್ತದೆ.

ಬಂದ ಹೊಸದರಲ್ಲಿ ಅವರು ಎಷ್ಟು ಸಿಹಿ ಹಂಚಿದರೆಂದರೆ ಊರಿನ ಬಾಯಿ ತಾನಾಗಿ ಮುಚ್ಚಿಹೋಯಿತು. ಪೂಜೆ ಮಾಡಿಸಿದರು, ಹಿರಿಯರಿಗೆಲ್ಲ ಶಾಲು ಹೊದಿಸಿದರು. ಮಾವನಿಗೂ ಒಂದು ಶಾಲು. ಶಾಲು ಹೊದಿಸಿದ ಮೂರನೆಯ ತಿಂಗಳು ಅವರಿಗೆ ಇಂಗ್ಲಿಷಿನಲ್ಲಿ ಒಂದು ಪತ್ರ ಬಂತು. ಅದನ್ನು ಓದಿ ಹೇಳಲು ನನ್ನನ್ನೇ ಕರೆದರು. ಅವರ ಅನುಭವಕ್ಕೆ ಸಂಸ್ಥೆ ಋಣಿಯಾಗಿದೆ, ಅವರ ಹುದ್ದೆ ಹೊಸ ವ್ಯವಸ್ಥೆಯಲ್ಲಿ ಇರುವುದಿಲ್ಲ ಎಂದು ಬರೆದಿತ್ತು. ಹುದ್ದೆ ಇಲ್ಲ ಎಂದವರು ಮರುವಾರವೇ ಆ ಮೇಜಿಗೆ ನನ್ನನ್ನು ಕೂರಿಸಿದರು. ನಾನು ಕೂತೆ.  'ಆ ಕುರ್ಚಿದ್ ಹಿಂದಿನ ಕಾಲು ಸರಿ ಇಲ್ಲೆ, ನೋಡಿ ಕೂರು' ಎಂದರು ಮಾವ, ಅಷ್ಟೆ. ಕಂಪೆನಿ ಕುರ್ಚಿಯನ್ನೂ ಬದಲಾಯಿಸಿತ್ತು. ಅದನ್ನು ಹೇಳಲು ನನಗೆ ನಾಚಿಕೆಯಾಯಿತು.

ನಾನು ಕಂಪೆನಿಯನ್ನು ಬೈಯುತ್ತಿದ್ದೇನೆ, ಆದರೆ ನಮ್ಮ ಊರೇನು ಕಡಿಮೆಯದಲ್ಲ. ಬಸ್‌ಸ್ಟಾಂಡಿಗೆ ಕಂಪೆನಿ ತಗಡಿನ ಮಾಡು ಹಾಕಿಸಿ ಮೂರು ಕಡೆಯೂ ತನ್ನ ಹೆಸರು ಬರೆಸಿತು. ಈಗ ಕಂಡಕ್ಟರುಗಳು ನಮ್ಮ ಊರಿನ ಹೆಸರು ಬಿಟ್ಟು ಕಂಪೆನಿಯ ಹೆಸರು ಕೂಗಿ ಜನರನ್ನು ಇಳಿಸುತ್ತಾರೆ, ನಾವು ಎದ್ದು ಇಳಿಯುತ್ತೇವೆ. ಶಾಲೆಯ ಮಕ್ಕಳ ಬ್ಯಾಗಿನ ಮೇಲೆ ಅದೇ ಹೆಸರು, ಹಾಕಿ ಪಂದ್ಯದ ಟ್ರೋಫಿಯ ಮೇಲೆ ಅದೇ ಹೆಸರು. ಹೆಣ್ಣು ಕೊಡುವವರು ಮೊದಲು ಎಷ್ಟು ಗಿಡ ಉಂಟು ಎಂದು ಕೇಳುತ್ತಿದ್ದರು, ಈಗ 'ಹುಡುಗ ಕಂಪೆನಿಲಿ ಪರ್ಮನೆಂಟಾ?' ಎಂದು ಕೇಳುತ್ತಾರೆ. ಗೋಣಿಕೊಪ್ಪಲಿನಲ್ಲಿ ಡಿಗ್ರಿ ಮುಗಿಸಿದ ನಾಲ್ಕು ಜನ ನಮ್ಮ ಗೇಟಿನಲ್ಲಿ ನೀಲಿ ಅಂಗಿ ಹಾಕಿ ವಾಹನಗಳಿಗೆ ಅಡ್ಡಕೋಲು ಎತ್ತುತ್ತಾರೆ. ಅವರ ಮನೆಯಲ್ಲೂ ಗಿಡ ಇದೆ, ಮೆಣಸಿನ ಬಳ್ಳಿ ಇದೆ. ಸ್ವಂತ ತೋಟದಲ್ಲಿ ಮಣ್ಣು ಮುಟ್ಟುವುದು ಅವಮಾನ, ಇನ್ನೊಬ್ಬರ ತೋಟದ ಗೇಟಿನಲ್ಲಿ ಸೆಲ್ಯೂಟ್ ಹೊಡೆಯುವುದು ಉದ್ಯೋಗ ಎಂದು ಅವರಿಗೆ ಯಾರು ಹೇಳಿಕೊಟ್ಟರೋ ಗೊತ್ತಿಲ್ಲ. ಹನ್ನೊಂದು ತಿಂಗಳಿಗೊಮ್ಮೆ ಅವರ ಕೆಲಸ ಮುಗಿಯುತ್ತದೆ, ಮತ್ತೆ ಸಿಗುವವರೆಗೆ ಶಿಫಾರಸು ಕೇಳಿ ನನ್ನ ಮನೆಯ ಅಂಗಳಕ್ಕೆ ಬಂದು ನಿಲ್ಲುತ್ತಾರೆ. ನನಗೂ ಆಗ ದೊಡ್ಡ ಮನುಷ್ಯನಾದ ಹಾಗೆ ಆಗುತ್ತಿತ್ತು, ಸುಳ್ಳು ಯಾಕೆ ಹೇಳಲಿ.

ಮ್ಯಾನೇಜರು ಹೊರಗಿನವರು, ಮೂವತ್ತೆರಡೋ ಮೂವತ್ತಮೂರೋ ವಯಸ್ಸು. ಒಂದು ದಿನವೂ ದನಿ ಏರಿಸಿದವರಲ್ಲ. ಬೈಯುವ ಮನುಷ್ಯನಾಗಿದ್ದರೆ ನಾನು ಎಂದೋ ಜಗಳ ಮಾಡಿ ಹೊರಬರುತ್ತಿದ್ದೆನೋ ಏನೋ. ಅವರು ನಗುತ್ತಲೇ ಕತ್ತರಿಸುತ್ತಾರೆ. ರಜೆಯ ನಿಯಮಗಳನ್ನು ವಿವರಿಸಲು ಒಂದು ಸಭೆ ಕರೆದಿದ್ದರು. ಪ್ರೊಜೆಕ್ಟರಿನಿಂದ ಗೋಡೆಯ ಮೇಲೆ ಚಿತ್ರ ಬಿತ್ತು. ಸಾವಿನ ರಜೆ ಯಾರು ಸತ್ತರೆ ಸಿಗುತ್ತದೆ ಎಂಬುದಕ್ಕೆ ಅಪ್ಪ, ಅಮ್ಮ, ಗಂಡ ಅಥವಾ ಹೆಂಡತಿ, ಮಕ್ಕಳು ಎಂದು ನಾಲ್ಕು ಬೊಂಬೆಗಳು. ನಾನು ಕೈ ಎತ್ತಿ, ಊರಿನಲ್ಲಿ ಸಾವಾದರೆ ಎಂದು ಕೇಳಿದೆ.

'ಊರಲ್ಲಿ ಅಂದ್ರೆ? ನಿಮ್ಮ ರಿಲೇಟಿವ್ಸಾ?'

'ಅಲ್ಲ ಸಾರ್. ಊರಿನವರು. ಅಕ್ಕಪಕ್ಕದ ಮನೆಯವರು.'

'ನೇಬರ್ಸ್.' ಅವರು ಗೋಡೆಯ ಕಡೆ ನೋಡಿದರು, ಅಲ್ಲಿ ನೆರೆಮನೆಯವನ ಬೊಂಬೆ ಇರಲಿಲ್ಲ. 'ನೋಡಿ, ಇಲ್ಲಿನ ಕಲ್ಚರ್ ಬಗ್ಗೆ ನಂಗೆ ತುಂಬಾ ರೆಸ್ಪೆಕ್ಟ್ ಇದೆ. ಆದ್ರೆ ಆ ಕ್ಯಾಟಗರಿ ಸಿಸ್ಟಂನಲ್ಲೇ ಇಲ್ಲ. ಸಂಜೆ ಡ್ಯೂಟಿ ಮುಗಿದ್ಮೇಲೆ ಹೋಗ್ಬಹುದಲ್ವಾ?'

ಹೆಣ ಸಂಜೆಯವರೆಗೆ ಇರುವುದಿಲ್ಲ ಎಂದು ಹೇಳಲು ಬಾಯಿ ತೆರೆದೆ. ಪಕ್ಕದಲ್ಲಿದ್ದ ಅಕೌಂಟೆಂಟ್ ನನ್ನ ಕಾಲು ತುಳಿದ. ಬಾಯಿ ಮುಚ್ಚಿದೆ.

ಇಷ್ಟಾದರೂ ಒಂದೆರಡು ವರ್ಷ ನಾನು ಹೇಗೋ ಸಂಭಾಳಿಸಿದೆ. ಜೋಡಿ ಗುಂಡು ಕೇಳಿದರೆ ಊರಿನವರನ್ನು ಮೆಲ್ಲಗೆ ಕಳಿಸಿ, ಅವರು ಮೇಲಿನ ಬ್ಲಾಕಿನಲ್ಲಿದ್ದಾರೆಂದು ತೋರಿಸುತ್ತಿದ್ದೆ. ಆಮೇಲೆ ಆಳುಗಳ ಮೊಬೈಲು ಬೆಳಿಗ್ಗೆಯೇ ಒಂದು ಪ್ಲಾಸ್ಟಿಕ್ ತಟ್ಟೆಗೆ ಹಾಕಿಸಿಕೊಳ್ಳುವ ನಿಯಮ ಬಂತು, ಸುರಕ್ಷತೆಗಂತೆ. ಎದುರಿಗೆ ಹಿಡಿದರೆ ಮುಖ ಗುರುತು ಹಚ್ಚುವ ಹಾಜರಿ ಯಂತ್ರ ಬಂತು, ದಿನಕ್ಕೆ ಮೂರು ಸಲ. ಮೊಬೈಲ್ ಇಟ್ಟುಕೊಳ್ಳುವ ಹಕ್ಕು ನನ್ನ ದರ್ಜೆಯಿಂದ ಮೇಲಿನವರಿಗೆ ಮಾತ್ರ ಉಳಿಯಿತು.

ಎರಡು ಸಲ ಮುಂದೂಡಿದ್ದ ನನ್ನ ಪ್ರೊಬೇಷನ್ ಹೋದ ಕುಯ್ಲಿನಲ್ಲಿ ಮುಗಿಯುವುದಿತ್ತು. ಇಪ್ಪತ್ತು ವರ್ಷ ದುಡಿದವನಿಗೆ ಪ್ರೊಬೇಷನ್! ಕಂಪೆನಿಯ ಲೆಕ್ಕದಲ್ಲಿ ನಾನು ಹುಟ್ಟಿದ್ದೇ ಅವರು ತೋಟ ಕೊಂಡ ದಿನ. ಕೆಳಗಿನ ಬ್ಲಾಕಿನ ರೋಬಸ್ಟಾ ಗುರುವಾರದೊಳಗೆ ಕುಯ್ದು ಮುಗಿಸಬೇಕು, ಮುಗಿದರೆ ನನ್ನ ಕೆಲಸ ಖಾಯಂ ಎಂದು ಮ್ಯಾನೇಜರು ನಗುತ್ತಾ ಹೇಳಿದರು. ಮುಗಿಯದಿದ್ದರೆ ಏನು ಎಂದು ಅವರು ಹೇಳಲಿಲ್ಲ, ನಾನು ಕೇಳಲೂ ಇಲ್ಲ. ನನಗೆ ನಲವತ್ತನಾಲ್ಕು. ಸುತ್ತಿನ ತೋಟಗಳು ಒಂದೊಂದಾಗಿ ಇಂಥ ಕಂಪೆನಿಗಳ ಪಾಲಾಗುತ್ತಿವೆ, ಅಲ್ಲೆಲ್ಲ ಹೊಸಬರನ್ನು ತೆಗೆದುಕೊಳ್ಳುವುದು ಲ್ಯಾಪ್‌ಟಾಪಿನ ಮೂಲಕ. ಮನೆಯಲ್ಲಿರುವ ಗಿಡ ಹೆಂಡತಿ ಮಕ್ಕಳ ಹೊಟ್ಟೆಗೆ ಸಾಲುವಷ್ಟಿಲ್ಲ. ಹೆದರಿಕೆಯಾಗುತ್ತಿತ್ತು, ಅದನ್ನು ಯಾರ ಹತ್ತಿರವೂ ಹೇಳಿರಲಿಲ್ಲ.

ಬುಧವಾರ ಬೆಳಿಗ್ಗೆ ಹತ್ತು ಗಂಟೆಯ ಸುಮಾರು. ಕಂಪೆನಿ ಕರೆತಂದ ಅಸ್ಸಾಮಿನವರು ರಸ್ತೆಯ ಮೇಲಿನ ಸಾಲುಗಳಲ್ಲಿ, ನಮ್ಮ ಊರಿನ ಮೂವತ್ತು ಮೂವತ್ತೈದು ಜನ ತೊರೆಯ ಬದಿಯಲ್ಲಿ. ಗಿಡದ ಬುಡಕ್ಕೆ ಟಾರ್ಪಾಲು ಹಾಸಿ ಹಣ್ಣು ಉದುರಿಸುತ್ತಿದ್ದರು. ಆಗ ಗುಂಡು ಹಾರಿತು. ಅದರ ಬೆನ್ನಿಗೇ ಇನ್ನೊಂದು.

ತೊರೆಯ ಬದಿಯ ಕೈಗಳೆಲ್ಲ ಒಟ್ಟಿಗೆ ನಿಂತವು. ಅಸ್ಸಾಮಿನವರ ಕಡೆ ಹಣ್ಣು ಉದುರುವ ಸದ್ದು ಹಾಗೇ ನಡೆದಿತ್ತು. ಹೆಣ್ಣಾಳುಗಳ ಮೇಸ್ತ್ರಿ ನನ್ನ ಕಡೆ ತಿರುಗಿದಳು. ನನಗಿಂತ ಹತ್ತು ವರ್ಷ ದೊಡ್ಡವಳು, ಮಾವನ ಕಾಲದಿಂದ ಇರುವವಳು, ನಾನು ಅಕ್ಕ ಎನ್ನುತ್ತೇನೆ.

'ರೈಟ್ರೇ, ಜೋಡಿ ಅಲ್ವಾ?'

ಜೋಡಿ ಎಂದು ನನಗೆ ಗೊತ್ತಿತ್ತು. ಈ ಊರಿನಲ್ಲಿ ಹುಟ್ಟಿದವನಿಗೆ ಗೊತ್ತಾಗದಿರಲು ಸಾಧ್ಯವೇ ಇಲ್ಲ. ತೊರೆಯಾಚೆಯಿಂದ ಬಂದದ್ದು ಎಂಬುದೂ ಗೊತ್ತಿತ್ತು. ಆ ಕಡೆ ನಾಲ್ಕು ಮನೆಗಳಿವೆ. ಒಂದರಲ್ಲಿ ತೊಂಬತ್ತು ದಾಟಿದ ಅಜ್ಜಿಯೊಬ್ಬರು ಎರಡು ವರ್ಷದಿಂದ ಹಾಸಿಗೆ ಹಿಡಿದಿದ್ದರು. ಅವರೇ ಇರಬೇಕು ಎಂದು ನಾನೇ ತೀರ್ಮಾನಿಸಿದೆ. ವಯಸ್ಸಾಗಿ ಹೋದವರು, ಒಂದು ದಿನ ತಡವಾಗಿ ಹೋದರೆ ಏನಾಗುತ್ತದೆ, ನಾಳೆಗೆ ಬ್ಲಾಕು ಮುಗಿಯುತ್ತದೆ. ಇಷ್ಟೆಲ್ಲ ಯೋಚಿಸಲು ನನಗೆ ಹೆಚ್ಚು ಹೊತ್ತು ಬೇಕಾಗಲಿಲ್ಲ.

'ಅಲ್ಲಕ್ಕ, ಪಟಾಕಿ. ಫಾರೆಸ್ಟಿನವ್ರು ಆನೆ ಓಡಿಸ್ತಿದ್ದಾರೆ.'

ಆ ವಾರ ನಿಜಕ್ಕೂ ಎರಡು ಆನೆ ಪಕ್ಕದ ತೋಟಕ್ಕೆ ನುಗ್ಗಿದ್ದವು, ಅರಣ್ಯ ಇಲಾಖೆಯವರು ಪಟಾಕಿ ಸಿಡಿಸುತ್ತಲೇ ಇದ್ದರು. ಸುಳ್ಳು ಹೇಳುವವನಿಗೆ ಇದಕ್ಕಿಂತ ಒಳ್ಳೆಯ ವಾರ ಸಿಗುವುದಿಲ್ಲ.

'ಪಟಾಕಿ ಆದ್ರೆ ಇನ್ನೂ ಬರ್ಬೇಕಲ್ಲ' ಎಂದಳು.

ಎಲ್ಲರೂ ಕಿವಿಗೊಟ್ಟು ನಿಂತರು. ಮೂರನೆಯದು ಬರಲಿಲ್ಲ. ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು.

'ಆನೆ ದಾಟಿರ್ಬೇಕು' ಎಂದೆ. 'ನಾನು ಹೇಳ್ತಿದ್ದೇನಲ್ಲ, ಪಿಕ್ಕಿಂಗ್ ಮಾಡಿ.'

ಅವರು ಮಾಡಿದರು. ನನ್ನ ಮಾತು ನಂಬಿ ಬಗ್ಗಿದರು. ಇದನ್ನೇ ಮ್ಯಾನೇಜರು ಹೇಳಿದ್ದರೆ ಯಾರೂ ನಂಬುತ್ತಿರಲಿಲ್ಲ, 'ಇಂವಂಗೆ ಎಂತ ಗೊತ್ತು' ಎಂದು ಬುಟ್ಟಿ ಇಳಿಸಿ ಹೋಗುತ್ತಿದ್ದರು. ನಮ್ಮವನೊಬ್ಬ ಜೋಡಿ ಗುಂಡಿನ ವಿಷಯದಲ್ಲಿ ಸುಳ್ಳು ಹೇಳುತ್ತಾನೆ ಎಂದು ಯಾರಿಗೂ ಹೊಳೆಯುವುದಿಲ್ಲ. ಕಂಪೆನಿ ನನಗೆ ಕಾರ್ಡು, ಅಂಗಿ, ಮೂರು ಸಾಲಿನ ಹೆಸರು ಯಾಕೆ ಕೊಟ್ಟಿದೆ ಎಂಬುದು ನನಗೆ ಆ ಹೊತ್ತಿನಲ್ಲಿ ಅರ್ಥವಾಯಿತು. ಅರ್ಥವಾದರೂ ನಾನು ಬಾಯಿ ತೆರೆಯಲಿಲ್ಲ.

ಜೇಬಿನಲ್ಲಿದ್ದ ಮೊಬೈಲು ಹತ್ತೂವರೆಗೆ ಒಮ್ಮೆ ಅಲುಗಿತು, ಆಮೇಲೆ ಮತ್ತೆ ಮತ್ತೆ. ನೋಡಲಿಲ್ಲ. ನೋಡಿದರೆ ಗೊತ್ತಾಗುತ್ತದೆ, ಗೊತ್ತಾದರೆ ಹೇಳಬೇಕಾಗುತ್ತದೆ. ಊಟದ ಹೊತ್ತಿನಲ್ಲಿ ಎಲ್ಲರಿಂದ ದೂರ ಕೂತು ಬುತ್ತಿ ಬಿಚ್ಚಿದೆ. ಅಕ್ಕಿರೊಟ್ಟಿಯನ್ನು ಮತ್ತೆ ಕಟ್ಟಿಟ್ಟೆ. ಅಜ್ಜಿಯೇ ಇರಬೇಕು ಎಂದು ಮತ್ತೆ ಹೇಳಿಕೊಂಡೆ. ನಾಲ್ಕು ಗಂಟೆಗೆ ಕೊನೆಯ ಸಾಲೂ ಮುಗಿಯಿತು. ಬ್ಲಾಕು ಒಂದು ದಿನ ಮೊದಲೇ ಖಾಲಿ. ಚೀಲ ತೂಗುವ ಹೊತ್ತಿಗೆ ಮ್ಯಾನೇಜರು ಬಂದು ಬೆನ್ನು ತಟ್ಟಿ ನನ್ನ ಜೊತೆ ಒಂದು ಫೋಟೋ ತೆಗೆದುಕೊಂಡರು. ಆಮೇಲೆ ಮೊಬೈಲು ತೆಗೆದೆ. ಹೆಂಡತಿಯ ಒಂಬತ್ತು ಕರೆ, ಮಾವನ ಮಗನ ಎರಡು. ಕೊನೆಗೆ ಹೆಂಡತಿಯ ಒಂದು ಸಂದೇಶ: ಮಾವ ಹೋದರು, ಎಲ್ಲಿದ್ದೀರಿ.

ಅಕ್ಕನಿಗೆ ನಾನು ಹೇಳಬೇಕಾಗಲಿಲ್ಲ. ತಟ್ಟೆಯಿಂದ ಮೊಬೈಲು ಎತ್ತಿಕೊಂಡವರಿಗೆಲ್ಲ ಗೊತ್ತಾಗಿತ್ತು. ಯಾರೂ ನನ್ನನ್ನು ಬೈಯಲಿಲ್ಲ. ತಲೆಗೆ ಕಟ್ಟಿದ್ದ ಬಟ್ಟೆ ಬಿಚ್ಚುತ್ತಾ ಕಾಲುದಾರಿಯಲ್ಲಿ ಇಳಿದರು. ನಾನು ಅವರ ಹಿಂದೆ ಹೋದೆ, ಕಂಪೆನಿಯ ಅಂಗಿಯಲ್ಲೇ.

ಮಾವ ಬೆಳಿಗ್ಗೆ ಹಟ್ಟಿಯಲ್ಲಿ ದನಕ್ಕೆ ಹುಲ್ಲು ಹಾಕುತ್ತಾ ಕುಸಿದಿದ್ದರಂತೆ. ನಾವು ಹೋಗುವಾಗ ಅಂಗಳದಲ್ಲಿ ಕುರ್ಚಿಗಳಷ್ಟೇ ಇದ್ದವು. ಹೆಣ ಹೋಗಿ ಒಂದು ಗಂಟೆಯ ಮೇಲಾಗಿತ್ತು. ಮೂರೂವರೆಯವರೆಗೂ ಇಟ್ಟುಕೊಂಡಿದ್ದರು. ಹನ್ನೆರಡಕ್ಕೇ ಎತ್ತೋಣ ಎಂದವರನ್ನು ಅತ್ತೆಯೇ ತಡೆದು, 'ತೋಟದವು ಬರ್ಲಿ' ಎಂದಿದ್ದರಂತೆ. ಇಡೀ ಆಯುಷ್ಯ ದುಡಿದ ಜಾಗದ ಜನ ಬಾಯಿಗೆ ನೀರು ಬಿಡದೆ ಹೇಗೆ ಎತ್ತುವುದು ಎಂಬುದು ಅವರ ಮಾತು. ಒಂದಾಯಿತು, ಎರಡಾಯಿತು. ಬಂದಿದ್ದವರಲ್ಲಿ ಹೆಚ್ಚಿನವರು ಮುದುಕರು. ಪ್ರಾಯದ ಹುಡುಗರೆಲ್ಲ ಒಂದೋ ನಮ್ಮ ಗೇಟಿನಲ್ಲಿ, ಇಲ್ಲವೇ ರೆಸಾರ್ಟುಗಳಲ್ಲಿ, ಎಲ್ಲಿಯೂ ನೆರೆಮನೆಯವನ ಬೊಂಬೆ ಇಲ್ಲ. ಸ್ಮಶಾನ ಒಂದೂವರೆ ಕಿಲೋಮೀಟರು, ದಾರಿ ಏರು. ಅಷ್ಟು ದೂರಕ್ಕೆ ಬದಲಿಸಿಕೊಂಡು ಹೊರಲು ಹೆಗಲು ಸಾಲಲಿಲ್ಲ. ಕೊನೆಗೆ ಶುಂಠಿ ಸಾಗಿಸುವ ಒಂದು ಪಿಕಪ್ ತರಿಸಿ ಅದರಲ್ಲಿ ಚಟ್ಟ ಇಟ್ಟು ಕೊಂಡುಹೋದರು. ನಮ್ಮ ಊರಿನಲ್ಲಿ ಒಬ್ಬ ಮನುಷ್ಯ ಹೆಗಲ ಮೇಲೆ ಹೋಗದೆ ಗಾಡಿಯಲ್ಲಿ ಹೋದದ್ದು ನನಗೆ ತಿಳಿದ ಹಾಗೆ ಅದೇ ಮೊದಲು.

ನಾನು ಸ್ಮಶಾನಕ್ಕೆ ಓಡಿದೆ. ಬೆಂಕಿ ಆಗಲೇ ಮೇಲೆ ಹತ್ತಿತ್ತು. ಮಾವನ ಮಗ ನನ್ನನ್ನು ನೋಡಿದ. 'ಬಾವ' ಎನ್ನಲಿಲ್ಲ. 'ತೋಟದ ಕಡೆ ತಿರ್ಗಿ ನಿಂತೇ ಹೊಡ್ದೆ, ನಿಮ್ಗೆ ಕೇಳ್ಲಿ ಅಂತ' ಎಂದು ಹೇಳಿ ಬೆಂಕಿಯ ಕಡೆ ತಿರುಗಿಕೊಂಡ.

ವಾಪಸು ಮನೆಗೆ ಬಂದಾಗ ಅತ್ತೆ ಜಗಲಿಯಲ್ಲಿ ಕೂತಿದ್ದರು, ಅಕ್ಕ ಅವರ ಪಕ್ಕದಲ್ಲಿ. ನಾನು ಮೆಟ್ಟಿಲ ಕೆಳಗೆ ನಿಂತೆ.

'ಗುಂಡು ಕೇಳ್ತ್ಲೆನಾ ನಿಂಗೆ?' ಎಂದು ಅತ್ತೆ ಕೇಳಿದರು. ಸಿಟ್ಟಿನಿಂದ ಕೇಳಿದ್ದಲ್ಲ. ಕೇಳಲಿಲ್ಲ ಎಂದು ನಾನು ಹೇಳಿದರೆ ಅವರಿಗೆ ಸಮಾಧಾನವಾಗುತ್ತಿತ್ತು, ಅದಕ್ಕೇ ಕೇಳಿದ್ದು.

'ಕೇಳ್ತ್ಲೆ ಅತ್ತೆ' ಎಂದೆ. 'ಮಿಷನ್ ಓಡ್ತಿತ್ತ್.'

ಅಕ್ಕ ತಲೆ ಎತ್ತಿ ನನ್ನನ್ನು ನೋಡಿದಳು. ಆಮೇಲೆ ಅತ್ತೆಯ ಕೈಯನ್ನು ತನ್ನ ಕೈಯಲ್ಲಿಟ್ಟುಕೊಂಡಳು. ನನಗೆ ಅವಳ ಮೇಲೆ ಸಿಟ್ಟು ಬಂತು. ಎಲ್ಲರ ಮುಂದೆ ನನ್ನ ಮಾನ ಕಳೆದಿದ್ದರೆ ಸುಲಭವಾಗುತ್ತಿತ್ತು.

ಮರುವಾರ ನನ್ನ ಕೆಲಸ ಖಾಯಂ ಆದ ಪತ್ರ ಬಂತು. ಹೊಣೆಗಾರಿಕೆಯ ಭಾವ ನನ್ನಲ್ಲಿ ಎದ್ದು ಕಾಣುತ್ತದೆ ಎಂದು ಅದರಲ್ಲಿ ಹೊಗಳಿದ್ದರು. ಬ್ಲಾಕಿನಲ್ಲಿ ತೆಗೆದ ಫೋಟೋ ಕಂಪೆನಿಯ ಪತ್ರಿಕೆಯಲ್ಲಿ ಬಂತು. ಅದರಲ್ಲಿ ನಾನು ಹಲ್ಲು ಕಿರಿಯುತ್ತಿದ್ದೇನೆ, ಆ ಹೊತ್ತಿಗೆ ಮಾವನನ್ನು ಪಿಕಪ್ಪಿಗೆ ಏರಿಸಿ ಆಗಿತ್ತು. ಹೆಂಡತಿ ಪತ್ರವನ್ನು ದೇವರ ಮುಂದೆ ಇಡಲು ಹೋದಳು. ಬೇಡ ಎಂದು ಕಿರುಚಿದೆ. ಯಾಕೆ ಎಂದು ಕೇಳಿದಳು. ಆಗ ಅವಳಿಗೆ ಹೇಳಿದೆ. ಅವಳು ಒಲೆಗೆ ಸೌದೆ ದೂಡುತ್ತಾ, 'ಇದನ್ನು ನನ್ನ ಹತ್ರ ಹೇಳಿ ಎಂತ ಪ್ರಯೋಜನ?' ಎಂದಳು.

ತೋಟದಲ್ಲಿ ಯಾವುದೂ ನಿಲ್ಲಲಿಲ್ಲ. ಊರಿನವರು ಕೆಲಸಕ್ಕೆ ಬಂದರು, ಹೇಳಿದ ಸಾಲಿಗೆ ಹೋದರು. ಆದರೆ ಯಾರೂ ನನ್ನನ್ನು ಏನೂ ಕೇಳುವುದಿಲ್ಲ. ಮೊದಲು ಮಗಳ ಮದುವೆ, ಜ್ವರ, ಜಾಗದ ಗಲಾಟೆ, ಎಲ್ಲವೂ ನನ್ನ ಮುಂದೆ ಬರುತ್ತಿತ್ತು. ಈಗ ನಾನು ಹತ್ತಿರ ಹೋದರೆ ಮಾತು ನಿಂತು, ಮುಂದೆ ಹೋದ ಮೇಲೆ ಶುರುವಾಗುತ್ತದೆ. ಅಕ್ಕ ನನ್ನನ್ನು ರೈಟ್ರೇ ಎನ್ನುವುದನ್ನು ಬಿಟ್ಟು ಸಾರ್ ಎನ್ನತೊಡಗಿದಳು. ಕಂಪೆನಿ ಬಂದಂದಿನಿಂದ ಹಾಗೆ ಕರೆಯಿರಿ ಎಂದು ಅವರಿಗೆಲ್ಲ ಹೇಳಿಕೊಟ್ಟವನು ನಾನೇ.

ಹನ್ನೊಂದನೆಯ ದಿನ ತಿಥಿ. ಒಂದು ದಿನದ ರಜೆ ಹಾಕಿದೆ. ಕಾರಣ ಎಂಬಲ್ಲಿ ಸ್ವಂತ ಕೆಲಸ ಎಂದು ಒತ್ತಿದೆ, ಬೇರೆ ಆಯ್ಕೆ ಇರಲಿಲ್ಲ. ಬೆಳಿಗ್ಗೆಯೇ ಹೋಗಿ ಸೌದೆ ಒಡೆದೆ, ನೀರು ಹೊತ್ತೆ, ಚಪ್ಪರದ ಕಂಬ ನೆಟ್ಟೆ. ಯಾರೂ ಬೇಡ ಎನ್ನಲಿಲ್ಲ, ಮಾಡು ಎಂದೂ ಹೇಳಲಿಲ್ಲ. ಮಾವನ ಮಗ ಒಮ್ಮೆ ಬಂದು, 'ರಜೆ ಸಿಕ್ಕಿತಾ ಸಾರ್?' ಎಂದು ಮರ್ಯಾದೆಯಿಂದ ಕೇಳಿ ಹೋದ. ಹನ್ನೊಂದು ದಿನ ತಡವಾಗಿ ಬಂದ ಕೈಗೆ ಎಷ್ಟು ಕೆಲಸ ಕೊಟ್ಟರೂ ಅಷ್ಟೆ ಎಂದು ನನಗೂ ಗೊತ್ತಿತ್ತು.

ಎರಡನೆಯ ಪಂಕ್ತಿಯಲ್ಲಿ ಕೂತೆ. ಎದುರು ಸಾಲಿನಲ್ಲಿ ಅಕ್ಕ, ತೊರೆಯ ಬದಿಯಲ್ಲಿ ಆ ದಿನ ಇದ್ದವರೆಲ್ಲ. ಅತ್ತೆ ತಾವೇ ಅನ್ನ ಬಡಿಸಲು ಬಂದರು. ನನ್ನ ಎಲೆಯ ಮುಂದೆ ಬಗ್ಗಿದಾಗ ಇನ್ನು ತಡೆಯಲಾಗಲಿಲ್ಲ.

'ಅತ್ತೆ, ಗುಂಡು ಕೇಳಿತ್ತ್. ನಂಗೆ ಗೊತ್ತಿತ್ತ್. ಪಟಾಕಿ ಅಂತ ಇವ್ಕೆಲ್ಲ ನಾನೇ ಹೇಳ್ದು.'

ಪಂಕ್ತಿಯಲ್ಲಿ ಕೈಗಳು ನಿಂತವು. ಅತ್ತೆ ಅನ್ನದ ಸೌಟು ಪಾತ್ರೆಯೊಳಗೆ ಇಟ್ಟರು.

'ಗೊತ್ತುಟ್ಟು' ಎಂದರು. 'ಆ ದಿನವೇ ಗೊತ್ತಾತ್. ನಿನ್ನ ಬಾಯಿಂದ ಬರ್ಲಿ ಅಂತ ಇದ್ದೆ.'

'ತಪ್ಪಾತ್ ಅತ್ತೆ. ಕೆಲ್ಸ ಹೋದ್ರೆ ಅಂತ ಹೆದ್ರಿಕೆ ಆತ್.'

ಅವರು ಹೌದು ಎನ್ನುವ ಹಾಗೆ ತಲೆ ಆಡಿಸಿದರು. ಮಾವ ಇದ್ದಿದ್ದರೆ ನಿನ್ನನ್ನು ಕ್ಷಮಿಸುತ್ತಿದ್ದರು ಎಂದು ಅವರು ಹೇಳಬಹುದೆಂದು ನಾನು ಕಾದೆ. ನಾಚಿಕೆ ಬಿಟ್ಟು ಕಾದೆ. ಅವರು ಅದನ್ನು ಹೇಳಲಿಲ್ಲ.

'ಒಂದು ಕೇಳ್ಲಾ?' ಎಂದರು. 'ನೀ ಸತ್ತ ದಿನ ನಿನ್ನ ಕಂಪೆನಿಂದ ಯಾರು ಬರುದು?'

ಅದಕ್ಕೆ ನನ್ನ ಹತ್ತಿರ ಉತ್ತರವಿತ್ತು, ಅದೇ ದೊಡ್ಡ ದುರಂತ. ಖಾಯಂ ಆದ ಪತ್ರದ ಜೊತೆ ಕಳಿಸಿದ್ದ ಪುಸ್ತಕದಲ್ಲಿ ಅದಕ್ಕೂ ಒಂದು ಪುಟವಿದೆ. ನನ್ನ ದರ್ಜೆಯ ನೌಕರ ತೀರಿಕೊಂಡರೆ ಕಂಪೆನಿಯ ಹೆಸರು ಬರೆದ ಒಂದು ಹೂವಿನ ಹಾರವನ್ನು ಮೈಸೂರಿನ ಅಂಗಡಿಯಿಂದ ತರಿಸಿ ಕಳಿಸಬೇಕು. ಹಾರದ ಉದ್ದವನ್ನೂ ಬರೆದಿದ್ದಾರೆ. ತೆಗೆದುಕೊಂಡು ಬರುವವರು ಯಾರು ಎಂದು ಬರೆದಿಲ್ಲ.

'ಹಾರ ಕಳಿಸ್ತಾರೆ ಅತ್ತೆ' ಎಂದೆ.

'ಹಾರಕ್ಕೆ ಹೆಗಲು ಉಟ್ಟಾ?' ಎಂದು ಕೇಳಿದರು.

 ನನ್ನ ಎಲೆಗೆ ಅನ್ನ ಬಡಿಸಿ, ಪಾತ್ರೆ ಎತ್ತಿಕೊಂಡು ಪಕ್ಕದ ಎಲೆಗೆ ಹೋದರು. ಪಂಕ್ತಿಯಲ್ಲಿ ಊಟ ಮತ್ತೆ ಶುರುವಾಯಿತು. ಮರುದಿನ ಬೆಳಿಗ್ಗೆ ಆರೂವರೆಗೆ ನನಗೆ ಹಾಜರಿ ಇತ್ತು, ಹೋದೆ. ಈಗಲೂ ಹೋಗುತ್ತಿದ್ದೇನೆ.